ಆಟಕ್ಕೊಂದು ಅಂಚು

ಅಂಚಿಲ್ಲದ ಯಾವುದನ್ನೂ ನಮ್ಮ ಹೊಲಿಗೆ ಟೀಚರ್ ನಂಬುತ್ತಿರಲಿಲ್ಲ. ಅದು ಕರ್ಚೀಫಾಗಲಿ, ಲಂಗವಾಗಲಿ, ಮಾತಾಗಲಿ. ಸ್ಟಾಫ್ ರೂಮಿನಲ್ಲಿ ಯಾರಾದರೂ ಹರಟೆಗೆ ಕೂತು ಒಂದರಿಂದ ಇನ್ನೊಂದಕ್ಕೆ ಹಾರುತ್ತ ಹೋದರೆ, ಇವರು ಹಲ್ಲಿನಲ್ಲಿ ದಾರ ಕಡಿಯುತ್ತ, ತಲೆ ಕೂಡ ಎತ್ತದೆ, "ಮಡಚಿ ಹೊಲೀರಿ ಅದನ್ನ, ಎಳೆ ಬಿಡ್ತಾ ಐತೆ" ಎನ್ನುತ್ತಿದ್ದರು. ಅಲ್ಲಿಗೆ ಹರಟೆ ಮುಗಿಯಿತು.

ಅವರು ಹೋಗಿ ಇನ್ನೂ ವರ್ಷ ತುಂಬಿಲ್ಲ. ಹೆಸರು ಬರೆಯುವುದಿಲ್ಲ, ಬರೆದರೆ "ನನ್ನ ಹೆಸರು ತಗಂಡು ಏನ್ ಮಾಡ್ತೀರಿ ಮಿಸ್" ಎಂದು ಅಲ್ಲಿಂದಲೇ ಗದರಿಯಾರು. ಹೊನ್ನಾಳಿಯ ಹೆಣ್ಣುಮಕ್ಕಳ ಹೈಸ್ಕೂಲಿನಲ್ಲಿ ನಾನು ಇಂಗ್ಲಿಷ್ ಕಲಿಸುತ್ತಿದ್ದೆ, ಅವರು ಹೊಲಿಗೆ. ನಾನು ಮಿಸ್ಸು, ಅವರು ಟೀಚರು. ಇಬ್ಬರೂ ರಿಟೈರ್ ಆಗಿ, ಕೂದಲು ಬೆಳ್ಳಗಾಗಿ, ಮಂಡಿಗೆ ಒಂದೇ ಎಣ್ಣೆ ಹಚ್ಚಿಕೊಳ್ಳುವ ಕಾಲ ಬಂದರೂ ನಾವು ಒಬ್ಬರನ್ನೊಬ್ಬರು ಕರೆದದ್ದು ಹಾಗೆಯೇ.

ಮೊದಲ ದಿನ ನಾನು ಶಾಲೆಗೆ ಹೋದದ್ದು ತಿಳಿ ನೀಲಿಯ ಒಂದು ಪ್ಲೇನ್ ಶಿಫಾನ್ ಸೀರೆಯಲ್ಲಿ. ಕಾನ್ವೆಂಟಿನಲ್ಲಿ ಓದಿದವಳು, ಸಿಂಪಲ್ ಆಗಿರುವುದೇ ಎಲಿಗನ್ಸ್ ಎಂದು ಮದರ್ ಹೇಳಿಕೊಟ್ಟದ್ದನ್ನು ವೇದವಾಕ್ಯ ಎಂದುಕೊಂಡವಳು. ಟೀಚರ್ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿ, "ಇದೇನ್ ಮಿಸ್, ನೇಯೋನು ಮಧ್ಯಕ್ಕೇ ಎದ್ದು ಹೋದ್ನಾ?" ಎಂದರು. ಎಲ್ಲರೂ ನಕ್ಕರು. ನನಗೆ ಕಣ್ಣಲ್ಲಿ ನೀರು. ಮುಂದಿನ ವಾರ ಅವರೇ ಆ ಸೀರೆಯನ್ನು ಕೇಳಿ ಇಸಿದುಕೊಂಡು ಹೋಗಿ, ಸಣ್ಣ ಕೆಂಗಂದು ಬಣ್ಣದ ಅಂಚು ಹಚ್ಚಿ ತಂದುಕೊಟ್ಟರು. ಕ್ಷಮೆ ಕೇಳುವ ಅವರ ಪದ್ಧತಿ ಅದು. ಇನ್ ಫ್ಯಾಕ್ಟ್, ಆಮೇಲೆ ನಾನು ಅತಿ ಹೆಚ್ಚು ಉಟ್ಟ ಸೀರೆ ಅದೇ.

ಬಣ್ಣದ ವಿಷಯದಲ್ಲಂತೂ ಅವರು ಟೆರರ್. ಒಬ್ಬ ಹುಡುಗಿ ಟೇಬಲ್ ಕ್ಲಾತಿನ ಮೇಲೆ ಬಳ್ಳಿ ಹಾಕಿದ್ದಳು. ಒಂದೇ ಒಂದು ಎಲೆಗೆ ದಾರ ಸಾಲದೆ ಪಕ್ಕದವಳ ಹಸಿರು ದಾರ ತೆಗೆದುಕೊಂಡಿದ್ದಳು. ನನ್ನ ಕಣ್ಣಿಗೆ ಎರಡೂ ಒಂದೇ. ಟೀಚರ್ ಅದನ್ನು ಬೆಳಕಿಗೆ ಹಿಡಿದು, "ಎಲೆಹಸಿರು ಬ್ಯಾರೆ, ಗಿಳಿಹಸಿರು ಬ್ಯಾರೆ. ಗಿಳಿ ಹಿಡ್ಕಂಬಂದು ಬಳ್ಳಿಗೆ ಅಂಟಿಸೀಯೇನೇ?" ಎಂದು ಆ ಎಲೆಯನ್ನು ಪೂರ್ತಿ ಬಿಚ್ಚಿಸಿದರು. ಆ ಹುಡುಗಿ ಅತ್ತಳು. ಬಿಚ್ಚಿ ಮುಗಿಯುವವರೆಗೂ ಅವಳ ಪಕ್ಕದಲ್ಲೇ ಕೂತು, ಊಟದ ಬೆಲ್ ಹೊಡೆದರೂ ಏಳದೆ, ಸೂಜಿಗೆ ದಾರ ಪೋಣಿಸಿಕೊಟ್ಟವರೂ ಅವರೇ.

ಒಮ್ಮೆ ಮಕ್ಕಳನ್ನು ಸೂಳೆಕೆರೆಗೆ ಎಕ್ಸ್‌ಕರ್ಷನ್ ಕರೆದುಕೊಂಡು ಹೋಗಿದ್ದೆವು. ಅಷ್ಟು ನೀರನ್ನು ಒಟ್ಟಿಗೆ ಕಂಡು ಹುಡುಗಿಯರು ಸಮುದ್ರ ಸಮುದ್ರ ಎಂದು ಕಿರುಚಿದರು. ನಾನೂ ಮೈಮರೆತು, ಓಷನ್ ಬಗ್ಗೆ ಏನೋ ಇಂಗ್ಲಿಷಿನಲ್ಲಿ ಹೇಳಲು ಹೊರಟಿದ್ದೆ. ಟೀಚರ್ ಕಾಲಿನ ಕೆಳಗಿನ ಏರಿಯನ್ನು ಚಪ್ಪಲಿಯಲ್ಲಿ ತಟ್ಟಿ ತೋರಿಸಿದರು. "ಇದನ್ನ ನೋಡ್ರೇ ಮೊದ್ಲು. ಇದು ಇರಾದಕ್ಕೆ ಅದು ಕೆರೆ. ಇಲ್ದಿದ್ರೆ ಬರೇ ನೀರು, ಚನ್ನಗಿರಿ ಮಂದೀನೆಲ್ಲ ಎಳ್ಕಂಡು ಹೋಗಿರ್ತಿತ್ತು."

ಮದುವೆ ಮಾಡಿಕೊಂಡಿರಲಿಲ್ಲ. ಏಕೆ ಎಂದು ನಾನು ಕೇಳಲಿಲ್ಲ, ಅವರೂ ಹೇಳಲಿಲ್ಲ. ಆ ಅಂಚನ್ನು ಇಬ್ಬರೂ ಕಾಯ್ದುಕೊಂಡೆವು. ನ್ಯಾಮತಿಯಲ್ಲಿ ತಂದೆ ಬಿಟ್ಟುಹೋದ ಮನೆ, ಹಿಂದಿನ ಅರ್ಧದಲ್ಲಿ ಬಾಡಿಗೆಗೆ ಒಂದು ಸಂಸಾರ. ದಿನಾ ಬಸ್ಸಿನಲ್ಲಿ ಹೊನ್ನಾಳಿಗೆ ಬಂದು ಹೋಗುತ್ತಿದ್ದರು. ನ್ಯಾಮತಿ ತಾಲ್ಲೂಕಾದಾಗ ನನಗೆ ಫೋನ್ ಮಾಡಿ ಗಂಭೀರವಾಗಿ ತಿಳಿಸಿದರು: "ಮಿಸ್, ನಮ್ಮೂರಿಗೂ ಅಂಚು ಬಂತು. ಇನ್ನು ಮ್ಯಾಲೆ ನಿಮ್ಮ ಹೊನ್ನಾಳಿ ಸೆರಗು ಹಿಡ್ಕಂಡು ತಿರುಗಾಂಗಿಲ್ಲ."

ಅವರಿಗೆ ಒಬ್ಬಳೇ ತಂಗಿ. ಜಗಳೂರಿಗೆ ಕೊಟ್ಟಿದ್ದರು. ಅಕ್ಕನಿಗೆ ಮಾತು ಎಷ್ಟು ಕಡಿಮೆಯೋ ತಂಗಿಗೆ ಅಷ್ಟು ಹೆಚ್ಚು. ಸೋಬಾನೆ ಹಾಡಲು ಅವಳನ್ನು ಸುತ್ತಲಿನ ಊರುಗಳಿಂದ ಬಂದು ಕರೆದೊಯ್ಯುತ್ತಿದ್ದರು. ದೀಪ ಹಚ್ಚುವ ಹೊತ್ತಿಗೆ ಅಕ್ಕನಿಗೆ ಅವಳ ಫೋನು ಬರಲೇಬೇಕು. ನಾನು ನ್ಯಾಮತಿಗೆ ಹೋದಾಗೆಲ್ಲ ಕೇಳಿದ್ದೇನೆ. ಆ ಕಡೆಯಿಂದ ಜಗಳೂರಿನ ಗಾಳಿಯಂತೆ ಒಂದೇ ಸಮ ಮಾತು, ಈ ಕಡೆ ಟೀಚರ್ ಅವರೆಕಾಯಿ ಸುಲಿಯುತ್ತ, ಸ್ಪೀಕರ್ ಹಾಕಿಕೊಂಡು, ನಡುನಡುವೆ "ಹೂಂ", "ಅಯ್ಯ ನಿನ್ನ", "ಸುಳ್ಳು ಹೇಳಬ್ಯಾಡ."

ಆ ತಂಗಿಗೆ ಗಂಟಲಲ್ಲಿ ಕ್ಯಾನ್ಸರ್ ಆಯಿತು. ಆಪರೇಷನ್ ಮಾಡಿ ಜೀವ ಉಳಿಸಿದರು, ದನಿ ಉಳಿಯಲಿಲ್ಲ. ಕುತ್ತಿಗೆಯಲ್ಲಿ ಉಸಿರಾಟಕ್ಕೆಂದು ಮಾಡಿದ ರಂಧ್ರವನ್ನು ಮುಚ್ಚಿಕೊಳ್ಳಲು ಟೀಚರ್ ತೆಳು ಮಲ್ ಬಟ್ಟೆಯಲ್ಲಿ ಪುಟ್ಟ ಪುಟ್ಟ ಚೌಕಗಳನ್ನು ಹೊಲಿದರು. ಪ್ರತಿಯೊಂದಕ್ಕೂ ಬೇರೆ ಬೇರೆ ಅಂಚು. ಹಬ್ಬಕ್ಕೆ ಕಟ್ಟಿಕೊಳ್ಳಲಿ ಎಂದು ಒಂದಕ್ಕೆ ಜರಿಯ ಎಳೆ ಕೂಡ. "ಅವಳ ಮಾತಿಗೆ ಅಂಚಿಲ್ಲ ಅಂತ ಬೈತಿದ್ದೆ ಮಿಸ್, ಸಣ್ಣೋಳಿದ್ದಾಗಿಂದ" ಎಂದರು.

ದೀಪ ಹಚ್ಚುವ ಹೊತ್ತಿನ ಫೋನು ನಿಂತಿತು. ತಂಗಿಗೆ ಓದು ಬರಹ ಅಷ್ಟಕ್ಕಷ್ಟೇ, ಮೆಸೇಜು ಸಾಧ್ಯವಿಲ್ಲ. ಅವಳ ಸೊಸೆ ಒಳ್ಳೆಯ ಹುಡುಗಿ. ತನ್ನ ಟ್ಯಾಬನ್ನು ಸ್ಟೀಲ್ ಡಬ್ಬಿಗೆ ಒರಗಿಸಿ ವಿಡಿಯೋ ಕಾಲ್ ಮಾಡಿಕೊಡಲು ಶುರು ಮಾಡಿದಳು. ಈ ಕಡೆ ಟೀಚರ್ ಹತ್ತಿರ ಒಂದು ಹಳೆಯ ಕಂಪ್ಯೂಟರ್ ಇತ್ತು. ರಿಟೈರ್ ಆದಮೇಲೆ ಕ್ರಾಸ್ ಸ್ಟಿಚ್ಚಿನ ಪ್ಯಾಟರ್ನ್ ಹಾಕಿಕೊಳ್ಳಲು ಚನ್ನಗಿರಿಯ ಒಬ್ಬ ಅಂಗಡಿಯವನಿಂದ ತಂದದ್ದು. ಅದಕ್ಕೊಂದು ಕ್ಯಾಮೆರಾ ಹಾಕಿಸಿದರು. ಹೀಗೆ ಮುಖಗಳು ಸಿಕ್ಕವು, ಮಾತು ಸಿಗಲಿಲ್ಲ. ಅಕ್ಕ "ಊಟ ಆತಾ" ಎನ್ನುವುದು, ತಂಗಿ ತಲೆಯಾಡಿಸುವುದು, ಆಮೇಲೆ ಇಬ್ಬರ ಕಣ್ಣಲ್ಲೂ ನೀರು.

"ಬರೇ ಮುಖ ಮುಖ ನೋಡ್ಕಂಡು ಎಷ್ಟೊತ್ತು ಕೂರಾದು ಮಿಸ್? ಹೆಣದ ಮುಂದೆ ಕೂತಂಗಾಗ್ತೈತೆ. ನಾವು ಅಕ್ಕ ತಂಗಿ ಯಾವತ್ತೂ ಒಬ್ಬರ ಮುಖ ಒಬ್ಬರು ನೋಡಿದೋರಲ್ಲ. ಅಕ್ಕಿ ಆರಿಸ್ತಿದ್ವಿ, ಹುಣಸೆ ಬೀಜ ತೆಗೀತಿದ್ವಿ. ಕಣ್ಣಿಗೆ ಒಂದು ಕೆಲಸ ಬೇಕು" ಎಂದರು.

ಆ ಕಂಪ್ಯೂಟರಿನಲ್ಲಿ ಅಂಗಡಿಯವನು ಪುಕ್ಕಟೆ ತುಂಬಿಕೊಟ್ಟ ಒಂದು ಹಳೆಯ ಆಟ ಇತ್ತು. ಗಲ್ಲಿಗಲ್ಲಿಯಾದ ಒಂದು ಮನೆ. ಒಂದು ಕೋಳಿ ಆ ಗಲ್ಲಿಗಳಲ್ಲಿ ಓಡಾಡಿ ತನ್ನ ಮರಿಗಳನ್ನು ಕೂಡಿಸಿಕೊಳ್ಳಬೇಕು. ಹಿಂದೆ ಒಂದು ನರಿ. ಟೀಚರ್ ಒಬ್ಬರೇ ಇದ್ದಾಗ ಗುಟ್ಟಾಗಿ ಆಡುತ್ತಿದ್ದರು. ಅವರದು ಲಿಂಗ ಕಟ್ಟಿದ ಮನೆತನ, ಮೊಟ್ಟೆಯ ಹೆಸರೆತ್ತಿದರೂ ಮುಖ ಸಿಂಡರಿಸುವವರು. "ಏನ್ ಟೀಚರ್, ಕೋಳಿ ಸಹವಾಸ?" ಎಂದು ನಾನು ರೇಗಿಸಿದರೆ, "ತಿನ್ನಾಕಲ್ಲ ಮಿಸ್, ಕಾಯಾಕೆ. ಕಾಯೋರು ನಾವೇ, ತಿನ್ನೋರು ನೀವೇ" ಎನ್ನುತ್ತಿದ್ದರು.

ಆ ಕೋಳಿಯನ್ನು ತಂಗಿಗೆ ತೋರಿಸಬೇಕು, ತಂಗಿ ಕೈಸನ್ನೆಯಲ್ಲಿ ದಾರಿ ಹೇಳಬೇಕು, ತಾವು ಓಡಿಸಬೇಕು. ಅದು ಅವರ ಪ್ಲಾನ್. ಸ್ಕ್ರೀನ್ ಶೇರ್ ಮಾಡುವುದನ್ನು ಸೊಸೆ ಫೋನಿನಲ್ಲೇ ಹೇಳಿಕೊಟ್ಟಳು. ಆದರೆ ಆ ಆಟ ಬಲು ಸ್ಟಬರ್ನ್. ಶುರುವಾದೊಡನೆ ಇಡೀ ಪರದೆಯನ್ನು ತಾನೇ ಆವರಿಸಿಕೊಳ್ಳುವುದು. ತಂಗಿಯ ಮುಖ ಅದರ ಹಿಂದೆ ಎಲ್ಲೋ ಮುಳುಗಿಹೋಗುವುದು. ಜಗಳೂರಿನ ಕಡೆ ನೋಡಿದರೆ ಟ್ಯಾಬಿನಲ್ಲಿ ಬರೀ ಕಪ್ಪು. ಆಟ ನಿಲ್ಲಿಸಿದರೆ ತಂಗಿ ಬರುವಳು, ತಂಗಿ ಬೇಕೆಂದರೆ ಕೋಳಿ ಇಲ್ಲ.

"ನಾನು ನೆಪ ಹುಡುಕಿದ್ದು ಅವಳ ಜತೆ ಕೂರಾಕೆ. ಈ ಕೋಳಿ ಅವಳನ್ನೇ ನುಂಗಿ ಕೂತೈತಲ್ಲ" ಎಂದು ಟೀಚರ್ ನನಗೆ ಫೋನಿನಲ್ಲಿ ಹೇಳಿದಾಗ, ಅಷ್ಟು ವರ್ಷಗಳಲ್ಲಿ ಮೊದಲ ಸಲ ಅವರ ದನಿಯಲ್ಲಿ ಸೋಲು ಕೇಳಿಸಿತು. ಆ ಕಡೆ ತಂಗಿ ದಿನದಿನಕ್ಕೆ ಟ್ಯಾಬಿನ ಮುಂದೆ ಬರುವುದನ್ನೇ ಕಡಿಮೆ ಮಾಡಿದ್ದಳು. ಸೊಸೆ ಕರೆದರೆ ಗೋಡೆ ಕಡೆ ತಿರುಗಿ ಮಲಗುತ್ತಾಳಂತೆ.

ಚನ್ನಗಿರಿಯವನಿಗೆ ಫೋನ್ ಮಾಡಿ ಕೇಳಿ ಎಂದೆ. ಕೇಳಿದರು. ಆ ಭಾನುವಾರ ನಾನು ನ್ಯಾಮತಿಗೆ ಹೋದಾಗ ಕಂಡದ್ದನ್ನು ನೆನೆದರೆ ಇವತ್ತಿಗೂ ನಗುವೂ ಅಳುವೂ ಒಟ್ಟಿಗೆ ಬರುತ್ತವೆ. ಗೋಡೆಗೆ ಒತ್ತಿಕೊಂಡಿದ್ದ ಕಂಪ್ಯೂಟರಿನ ಟೇಬಲ್ಲು ಬೀದಿಕಡೆಯ ಕಿಟಕಿಗೆ ಬಂದಿತ್ತು. ವೈರನ್ನು ಸೀರೆ ಒಣಹಾಕುವ ಹಗ್ಗದ ಮೇಲೆ ಎಳೆದು ತಂದಿದ್ದರು. ಬಿಸಿಲು ನೇರ ಪರದೆಗೆ ಹೊಡೆಯುತ್ತಿತ್ತು. ಬೀದಿಯಲ್ಲಿ ಹೋಗುವವರು ಇಣುಕಿ, "ಏನ್ರೀ ಟೀಚರಮ್ಮಾ, ಟಿಕೆಟ್ ಕೊಡ್ತೀರೇನು?" ಎಂದು ಕೇಳಿ ಹೋಗುತ್ತಿದ್ದರು. ಟೀಚರ್ ತಲೆ ಮೇಲೆ ಸೆರಗು ಹೊದ್ದು, ಕಣ್ಣು ಕಿರಿದು ಮಾಡಿಕೊಂಡು ಕೂತಿದ್ದಾರೆ.

"ಇದೇನ್ ಟೀಚರ್?"

"ಅವನೇ ಹೇಳಿದ ಮಿಸ್. ಫುಲ್ ಸ್ಕ್ರೀನ್ ಬ್ಯಾಡ, ವಿಂಡೋದಾಗೆ ಹಾಕಿ ಆಡ್ರಿ, ಇಬ್ರೂ ಕಾಣ್ತೀರಿ ಅಂದ. ಹಾಕೀನಿ. ರಸ್ತೇಲಿ ಹೋಗೋರೆಲ್ಲ ಕಾಣ್ತಾರೆ, ತಂಗಿ ಒಬ್ಬಳು ಕಾಣವಲ್ಲಳು."

ನಾನು ನಕ್ಕುಬಿಟ್ಟೆ. ಅವರು ನಗಲಿಲ್ಲ. ವಿಷಯ ಬಿಡಿಸಿ ಹೇಳಿದಮೇಲೆ, "ನಗ್ರಿ, ನಗ್ರಿ. ನಿಮ್ಮ ಇಂಗ್ಲಿಷಿನೋರು ಗೋಡೆಯಾಗಿನ ಕಿಟಕಿಗೂ ಅದೇ ಹೆಸರು, ಪರದೆಯಾಗಿನ ಚೌಕಕ್ಕೂ ಅದೇ ಹೆಸರು ಇಟ್ರೆ ನಾನೇನ್ ಮಾಡ್ಲಿ? ಹೆಸರಿಗೂ ಬರಗಾಲ ಬಂದಿತ್ತೇನು ಅವ್ರಿಗೆ?" ಎಂದರು.

ಟೇಬಲ್ಲನ್ನು ಮತ್ತೆ ಗೋಡೆಗೆ ತಳ್ಳಿ, ಅಂಗಡಿಯವನಿಗೆ ಫೋನ್ ಹಚ್ಚಿದೆವು. ಸ್ಪೀಕರಿನಲ್ಲಿ ಅವನು, ಕೀಬೋರ್ಡಿಗೆ ನಾನು, ನನ್ನ ಹೆಗಲ ಮೇಲೆ ಟೀಚರ್. ಮೊದಲು ಆಲ್ಟ್ ಮತ್ತು ಎಂಟರ್ ಒಟ್ಟಿಗೆ ಒತ್ತಿ ಎಂದ. ಕೆಲವು ಆಟಗಳು ಅಷ್ಟಕ್ಕೇ ಚಿಕ್ಕದಾಗುತ್ತವಂತೆ. ನಮ್ಮ ಕೋಳಿ ಅಲ್ಲಾಡಲಿಲ್ಲ. ಹಾಗಾದರೆ ಆಟದ ಚಿತ್ರದ ಮೇಲೆ ಮೌಸಿನ ಬಲಗುಂಡಿ ಒತ್ತಿ, ಪ್ರಾಪರ್ಟೀಸ್ ತೆಗೆದು, ಟಾರ್ಗೆಟ್ ಎನ್ನುವ ಸಾಲಿನ ಕೊನೆಗೆ ಒಂದು ಸಣ್ಣ ಅಡ್ಡಗೆರೆ ಹಾಕಿ ವಿಂಡೋ ಎಂದು ಇಂಗ್ಲಿಷಿನಲ್ಲಿ ಟೈಪ್ ಮಾಡಿ ಎಂದ. ಮಾಡಿದೆ. ಆಟ ತೆರೆಯುವುದಿರಲಿ, ಹೆಸರೇ ಸರಿಯಿಲ್ಲ ಎಂದು ಕಂಪ್ಯೂಟರು ತಕರಾರು ತೆಗೆಯಿತು.

"ಅಮ್ಮಾ, ಗೆರೆಗಿಂತ ಮೊದ್ಲು ಸ್ಪೇಸ್ ಬಿಟ್ರಾ?" ಎಂದ ಅವನು.

"ಸ್ಪೇಸ್ ಅಂದ್ರೆ?" ಎಂದರು ಟೀಚರ್.

"ಜಾಗ, ಟೀಚರ್. ಒಂದು ಖಾಲಿ ಜಾಗ."

"ಅಷ್ಟೇನಾ? ಒಂದು ಹೊಲಿಗೆ ಬಿಟ್ಟು ಹಾಕ್ರಿ ಮಿಸ್. ಬಟ್ಟೆ ಅಂಚಿಗೇ ಸೂಜಿ ಹಾಕಿದ್ರೆ ಹರೀದೆ ಇರ್ತೈತಾ?"

ಒಂದು ಹೊಲಿಗೆಯಷ್ಟು ಜಾಗ ಬಿಟ್ಟೆ. ಆಟ ತೆರೆಯಿತು. ಈ ಸಲ ಪರದೆಯ ಎಡಭಾಗದಲ್ಲಿ, ಒಂದು ಚೌಕದೊಳಗೆ, ಸುತ್ತ ನೀಲಿಯ ಸಣ್ಣ ಪಟ್ಟಿ. ಟೀಚರ್ ಆ ಪಟ್ಟಿಯ ಮೇಲೆ ಬೆರಳಾಡಿಸಿ, "ಹೂಂ, ಈಗ ಅಂಚು ಬಂತು" ಎಂದರು. ಆದರೆ ಬಣ್ಣವೆಲ್ಲ ಕೆಟ್ಟಿತ್ತು. ಕೆಂಪು ಕೋಳಿ ನೇರಳೆಯಾಗಿತ್ತು, ನರಿ ಹಸಿರಾಗಿತ್ತು. ಹಳೇ ಆಟ, ಚಿಕ್ಕದು ಮಾಡಿದರೆ ಬಣ್ಣ ಕಲಸುತ್ತದೆ, ಮುಂದಿನ ಸಲ ಚನ್ನಗಿರಿಗೆ ಪೆಟ್ಟಿಗೆ ತಂದರೆ ನೋಡೋಣ ಎಂದ ಅಂಗಡಿಯವನು. ಒಂದು ಎಲೆಯ ಹಸಿರಿಗಾಗಿ ಹುಡುಗಿಯನ್ನು ಅಳಿಸಿದ ಹೆಂಗಸಿನ ಮುಖವನ್ನು ನಾನು ನೋಡಿದೆ.

"ಇರ್ಲಿ ಬಿಡಪ್ಪಾ. ಅವಳು ಕಂಡ್ರೆ ಸಾಕು" ಎಂದರು ಟೀಚರ್.

ಬಲಭಾಗದಲ್ಲಿ ಜಗಳೂರು ತೆರೆಯಿತು. ಸೊಸೆ ಅತ್ತೆಯನ್ನು ಬಲವಂತ ಮಾಡಿ ಎಬ್ಬಿಸಿ ಕೂರಿಸಿದ್ದಳು. ತಂಗಿ ಬೇಸರದಿಂದಲೇ ಕಣ್ಣೆತ್ತಿದಳು. ನೇರಳೆ ಕೋಳಿಯನ್ನೂ ಅದರ ಹಿಂದೆ ಓಡುವ ಹಸಿರು ನರಿಯನ್ನೂ ಕಂಡಳು. ಬಾಯಿ ತೆರೆದಳು. ಹೆಗಲು ಕುಲುಕಿದವು. ಶಬ್ದವೇ ಇಲ್ಲದ ಆ ನಗುವನ್ನು ನಾನು ಮೊದಲು ಅಳು ಎಂದುಕೊಂಡೆ. ಅಕ್ಕನಿಗೆ ಮಾತ್ರ ಗೊತ್ತಾಯಿತು. "ನಗ್ತಾಳೆ ಮಿಸ್, ನಗ್ತಾಳೆ! ನೋಡ್ರಿ ಹಲ್ಲು" ಎಂದು ನನ್ನ ರಟ್ಟೆ ಹಿಡಿದು ಅಲ್ಲಾಡಿಸಿದರು.

ಅಲ್ಲಿಂದ ಮುಂದೆ ಪ್ರತಿ ಮಧ್ಯಾಹ್ನ, ಊಟವಾದಮೇಲೆ, ಕೋಳಿ ಓಡಿತು. ನಾನೂ ಎಷ್ಟೋ ಸಲ ಹತ್ತಿರ ಕೂತು ನೋಡಿದ್ದೇನೆ. ತಂಗಿ ಬೆರಳು ಎತ್ತಿ ಎಡಕ್ಕೆ, ಬಲಕ್ಕೆ, ನಿಲ್ಲು ಎನ್ನುವಳು. ನರಿ ಬಂದರೆ ಎರಡು ಕೈಯಲ್ಲೂ ಟಪಟಪ ಚಪ್ಪಾಳೆ. ಅಕ್ಕ ತಪ್ಪು ಗಲ್ಲಿಗೆ ನುಗ್ಗಿದರೆ ಕಿವಿ ಹಿಂಡುವ ಸನ್ನೆ. ಮರಿಗಳೆಲ್ಲ ಕೂಡಿದಾಗ ಕೆನ್ನೆ ಸವರಿ ನೆಟಿಗೆ ಮುರಿದು ಕೋಳಿಗೆ ದೃಷ್ಟಿ ತೆಗೆಯುವಳು. ಅಕ್ಕನ ಬಾಯಿ ಈಗ ನಿಲ್ಲುತ್ತಿರಲಿಲ್ಲ. "ಏ, ಅತ್ಲಾಗೆ ಹೋಗು ಅಂದಿದ್ದು ನೀನೇ ಅಲ್ಲೇನೇ? ಈಗ ನನ್ನ ಕಿವಿ ಹಿಂಡ್ತೀಯಾ? ನಿನ್ನ ಗಂಡನ ಮನೆ ಬುದ್ಧಿ ನೋಡು, ನರಿ ಮನೆಗೇ ದಾರಿ ತೋರಿಸ್ತಾಳೆ!" ಒಂದು ಜನ್ಮದ ಮಾತನ್ನು ಒಳಗಿಟ್ಟುಕೊಂಡಿದ್ದವರಂತೆ ಆಡಿದರು. ತಂಗಿಯ ಪಾಲಿನದೂ ಸೇರಿಸಿ ಆಡಿದರು ಎಂದು ಕೆಲವೊಮ್ಮೆ ನನಗೆ ಅನಿಸುತ್ತಿತ್ತು.

ಜಗಳೂರಿನ ಟ್ಯಾಬಿನ ಮೂಲೆಯಲ್ಲಿ ಅಕ್ಕನ ಮುಖವೂ ಕಾಣುತ್ತಿತ್ತು. ಆಟದ ನಡುವೆ ಟೀಚರ ಕಣ್ಣು ಬಲಕ್ಕೆ, ತಂಗಿಯ ಕಡೆ ಜಾರಿದರೆ, ಅವಳು ತಕ್ಷಣ ಹಿಡಿಯುತ್ತಿದ್ದಳು. ನನ್ನನ್ನೇನು ನೋಡ್ತೀಯ, ಕೋಳಿ ನೋಡು ಎಂದು ಬೆರಳಲ್ಲೇ ಗದರುವಳು. "ನೋಡಿಲ್ಲ ಕಣೇ" ಎಂದು ಟೀಚರ್ ಸುಳ್ಳು ಹೇಳುವರು.

ಕಳೆದ ಬೇಸಿಗೆಯ ಒಂದು ಮಧ್ಯಾಹ್ನ ಹೊನ್ನಾಳಿಯಲ್ಲಿ ನನ್ನ ಫೋನು ಬಡಿದುಕೊಂಡಿತು. ಜಗಳೂರಿನ ಸೊಸೆ. ಹಿತ್ತಲಲ್ಲಿ ಬಟ್ಟೆ ಒಗೆಯುತ್ತಿದ್ದಳಂತೆ. ಒಳಗಿನಿಂದ ತಟ್ಟೆ ಬಡಿಯುವ ಸದ್ದು ಕೇಳಿ ಓಡಿ ಬಂದರೆ, ಅತ್ತೆ ಊಟದ ತಟ್ಟೆಯನ್ನು ನೆಲಕ್ಕೆ ಬಡಿಯುತ್ತ ಟ್ಯಾಬಿನ ಕಡೆ ಕೈ ಮಾಡುತ್ತಿದ್ದಾರೆ. "ದೊಡ್ಡತ್ತೆ ಕುರ್ಚಿಯಾಗೇ ಒರಗ್ಯಾರ್ರೀ. ಕರೆದ್ರೆ ಮಾತಾಡವಲ್ಲರು. ಲಗೂನೆ ಯಾರ್ನಾದ್ರೂ ಕಳಿಸ್ರೀ ಮಿಸ್." ನಾನು ಟೀಚರ ಹಿತ್ತಲಮನೆಯ ಬಾಡಿಗೆಯವರಿಗೆ ಫೋನ್ ಮಾಡಿದೆ. ಅವರು ಓಡಿದರು. ಆಗಲೇ ಮುಗಿದಿತ್ತು. ಹಾರ್ಟು ಎಂದರು ಡಾಕ್ಟರು.

ನಾನು ಸಿಕ್ಕ ಬಸ್ಸು ಹಿಡಿದು ನ್ಯಾಮತಿಗೆ ಹೋದೆ. ಮನೆ ತುಂಬ ಜನ. ನಮ್ಮಿಬ್ಬರ ಕೈಕೆಳಗೆ ಕಲಿತ ಹುಡುಗಿಯರು, ಈಗ ಅವರೇ ಅಜ್ಜಿಯರಾಗುವ ವಯಸ್ಸಿನವರು, ಸೆರಗು ಬಾಯಿಗಿಟ್ಟುಕೊಂಡು ನಿಂತಿದ್ದರು. ಎಲ್ಲರ ಬಾಯಲ್ಲೂ ಒಂದೇ ಮಾತು. ಗಂಡ ಇಲ್ಲ, ಮಕ್ಕಳಿಲ್ಲ, ಒಂದು ತೊಟ್ಟು ನೀರು ಬಿಡುವವರಿಲ್ಲ, ಒಬ್ಬರೇ ಇದ್ದಾಗ ಹೋಗಿಬಿಟ್ಟರಲ್ಲ, ಪಾಪ. ಆ ಮಾತು ನನ್ನ ಎದೆಯಲ್ಲಿ ಮುಳ್ಳಿನಂತೆ ಕೂತಿತು. ಯಾರ ಕೈಯಲ್ಲೂ ಒಂದು ಲೋಟ ನೀರನ್ನೂ ಇಸಿದುಕೊಳ್ಳದೆ ಬದುಕಿದವರು ಅವರು. ಆ ಡಿಗ್ನಿಟಿಗೆ ಕೊನೆಯಲ್ಲಿ ಸಿಕ್ಕಿದ್ದು ಈ ಪಾಪ ಎನ್ನುವ ಮಾತೇ?

ಸಂಜೆಗೆ ತಂಗಿಯನ್ನು ಕಾರಿನಲ್ಲಿ ಕರೆತಂದರು. ಅವಳು ಅಳಲಿಲ್ಲ. ಅಕ್ಕನ ಹಣೆಯ ವಿಭೂತಿಯನ್ನು ತಾನೇ ಸರಿಮಾಡಿದಳು. ಮಣ್ಣು ಮಾಡಿ ಬಂದಮೇಲೆ, ಹೆಂಗಸರೆಲ್ಲ ನಡುಮನೆಯಲ್ಲಿ ಕೂತಿದ್ದಾಗ, ನನ್ನ ಪಕ್ಕಕ್ಕೆ ಬಂದು ಗೋಡೆಗೆ ಒರಗಿದಳು. ಆಗ ತಡವಾಗಿ ಬಂದ ದೂರದ ಸಂಬಂಧಿಯೊಬ್ಬಳು, ಹೊಸ್ತಿಲು ದಾಟುವ ಮೊದಲೇ ದನಿ ತೆಗೆದಳು: "ಅಯ್ಯೋ ನಮ್ಮವ್ವಾ, ಯಾರೂ ಇಲ್ದಂಗೆ ಒಬ್ಬಳೇ ಹೋದ್ಯಲ್ಲೇ!"

ತಂಗಿ ಟಪ್ಪನೆ ಚಪ್ಪಾಳೆ ಹೊಡೆದಳು. ಬಂದವಳು ಅಲ್ಲೇ ನಿಂತಳು.

ತಂಗಿ ಬಲ ಅಂಗೈಯನ್ನು ನೆಲದ ಮೇಲಿಟ್ಟಳು. ಮೌಸ್ ಹಿಡಿದಂತೆ ಅತ್ತ ಇತ್ತ ಸರಿಸಿದಳು. ಕೈ ನಿಂತಿತು. ಇನ್ನೊಂದು ಕೈಯಿಂದ ಎದೆ ಒತ್ತಿ ತೋರಿಸಿದಳು, ಇಲ್ಲಿ ನೋವು ಬಂತು ಎಂಬಂತೆ. ಆಮೇಲೆ ನೆಲದ ಮೇಲಿನ ಕೈಯನ್ನು ಮೆಲ್ಲಗೆ ಎತ್ತಿಬಿಟ್ಟಳು. ಎಡಗಡೆ, ಕೋಳಿ ನೋಡುವವಳಂತೆ ನೆಟ್ಟಿದ್ದ ಕಣ್ಣನ್ನು, ತಲೆಯನ್ನು ಅಲ್ಲಾಡಿಸದೆ, ಬಲಕ್ಕೆ ತಂದು ನಿಲ್ಲಿಸಿದಳು. ತುಂಬ ಹೊತ್ತು ಅಲ್ಲೇ ಇಟ್ಟಳು. ರೆಪ್ಪೆ ಕೂಡ ಬಡಿಯಲಿಲ್ಲ.

ಕೊನೆಗೆ ಬಂದವಳ ಕಡೆ ತಿರುಗಿ, ಇಲ್ಲ ಎಂದು ತಲೆಯಾಡಿಸಿ, ಬೆರಳನ್ನು ತನ್ನ ಎದೆಯ ಮೇಲಿಟ್ಟುಕೊಂಡಳು.